ಸೇರು, ಕೂಡು, ಜೋಡಿಸು, ಬೆಸೆ, ಬೆರೆಸು: ಎಲ್ಲಿಗೆ ಯಾವ್ದು ಹಾಕ್ಬೇಕು?

ಅನುವಾದ ಮಾಡೋರು, ಮಕ್ಕಳಿಗೆ ವಿಜ್ಞಾನ ಹೇಳ್ಕೊಡೋರು, ಸುದ್ದಿ ಬರೆಯೋರು, ಆ್ಯಪ್‌ಗಳಿಗೆ ಕನ್ನಡ ಹಾಕೋರು, ಇವರಿಗೆಲ್ಲ ಇರೋ ಒಂದು ತಲೆನೋವು ಅಂದ್ರೆ ಎರಡು ಒಂದಾಗೋದಕ್ಕೆ ನಮ್ಮಲ್ಲಿರೋ ಪದಗಳ ರಾಶಿ. ಸೇರು, ಕೂಡು, ಜೋಡಿಸು, ಬೆಸೆ, ಬೆರೆಸು, ಕಲಸು, ಸಂಧಿ, ಸಂಗಮ, ಸಂಯೋಗ, ಸಂಕಲನ, ವಿಲೀನ, ಏಕೀಕರಣ, ಒಕ್ಕೂಟ, ಜಂಟಿ, ಕಸಿ, ಕೀಲು, ಇನ್ನೂ ಇವೆ. ನಿಘಂಟು ತೆಗೆದ್ರೆ ಸೇರು ಅಂದ್ರೆ ಕೂಡು, ಕೂಡು ಅಂದ್ರೆ ಸೇರು, ಸುತ್ತಿ ಸುತ್ತಿ ಅಲ್ಲಿಗೇ ಬಂದು ನಿಲ್ತೀವಿ. ಆದ್ರೆ ಮಾತಾಡುವಾಗ ಒಂದರ ಜಾಗಕ್ಕೆ ಇನ್ನೊಂದು ಬರಲ್ಲ. ಬ್ಯಾಂಕುಗಳನ್ನ ಬೆಸೆದ್ರು ಅಂತ ಯಾರೂ ಅನ್ನಲ್ಲ, ಗೇಟಿಗೆ ಏಕೀಕರಣ ಮಾಡ್ಸಿ ಅಂತಾನೂ ಅನ್ನಲ್ಲ.

ನಾನು ಆರಿಸೋದು ಎರಡೇ ವಿಷಯ ನೋಡ್ಕೊಂಡು. ಒಂದು, ಸೇರಿದ ಮೇಲೆ ಯಾರ ಹೆಸರು ಉಳೀತು? ಇನ್ನೊಂದು, ಮತ್ತೆ ಬಿಡಿಸೋಕಾಗತ್ತಾ? ಇವೆರಡಕ್ಕೆ ಉತ್ತರ ಸಿಕ್ರೆ ಮುಕ್ಕಾಲು ಪಾಲು ಪದ ತಾನಾಗೇ ಸಿಗತ್ತೆ, ಮಿಕ್ಕಿದ್ದು ಆಯಾ ಕ್ಷೇತ್ರದೋರು ಮೊದಲೇ ಒಪ್ಕೊಂಡು ಬಿಟ್ಟಿರೋದು, ಅಲ್ಲಿ ನಮ್ಮ ಜಾಣತನ ನಡೆಯಲ್ಲ.

ಮೊದಲು ಸೇರು ಮತ್ತೆ ಕೂಡು

ಹೊಳೆಗಳನ್ನ ನೋಡಿದ್ರೆ ಇವೆರಡರ ವ್ಯತ್ಯಾಸ ತಟ್ಟಂತ ಗೊತ್ತಾಗತ್ತೆ. ಅರ್ಕಾವತಿ ಹೋಗಿ ಕಾವೇರಿ ಸೇರತ್ತೆ, ಕಾವೇರಿ ಹೋಗಿ ಸಮುದ್ರ ಸೇರತ್ತೆ. ತುಂಗೆ ಭದ್ರೆ ಮಾತ್ರ ಕೂಡ್ತವೆ, ಅದೂ ಶಿವಮೊಗ್ಗದ ಹತ್ರ ಕೂಡಲಿ ಅನ್ನೋ ಊರಲ್ಲೇ, ಅಲ್ಲಿಂದ ಮುಂದಕ್ಕೆ ಇಬ್ಬರ ಹೆಸರೂ ಹೊತ್ಕೊಂಡು ತುಂಗಭದ್ರಾ. ಸೇರೋದು ಒಂದು ಕಡೆಯಿಂದ ಆಗೋದು, ಸಣ್ಣದು ದೊಡ್ಡದರ ಒಳಗೆ ಹೋಗೋದು. ಕೂಡೋದು ಎರಡೂ ಕಡೆಯಿಂದ ಆಗೋದು. ಅದಕ್ಕೇ ಸ್ಕೂಲಿಗೆ ಸೇರ್ತೀವಿ, ಕೆಲಸಕ್ಕೆ ಸೇರ್ತೀವಿ, ಆಸ್ಪತ್ರೆಗೆ ಸೇರಿಸ್ತಾರೆ, ಲೀಡರುಗಳು ಪಕ್ಷ ಸೇರ್ತಾರೆ, ಆದ್ರೆ ಕಂಕಣ ಕೂಡಿಬರತ್ತೆ, ಕಾಲ ಕೂಡಿಬರತ್ತೆ, ಜಾತಕ ಕೂಡತ್ತೆ, ಮುರಿದ ಮೂಳೆ ಕೂಡ್ಕೊಳತ್ತೆ.

ಕೂಡಲಸಂಗಮ ಈ ಲೆಕ್ಕಕ್ಕೆ ಸರಿಯಾಗಿ ಕೂರಲ್ಲ ನೋಡಿ. ಅಲ್ಲಿ ಮಲಪ್ರಭೆ ಹೆಸರು ಮುಗಿದುಹೋಗತ್ತೆ, ಕೃಷ್ಣೆ ಮಾತ್ರ ಮುಂದೆ ಹೋಗ್ತಾಳೆ, ಅಂದ್ರೆ ಅದು ಸೇರೋದೇ, ಆದ್ರೂ ಊರ ಹೆಸರಲ್ಲಿ ಕನ್ನಡದ ಕೂಡಲೂ ಇದೆ, ಸಂಸ್ಕೃತದ ಸಂಗಮಾನೂ ಇದೆ, ಒಂದೇ ಅರ್ಥ ಎರಡು ಸಲ. ತೀರ್ಥಕ್ಷೇತ್ರ ಅಂದ್ಮೇಲೆ ಯಾವ ನದಿ ದೊಡ್ಡದು ಅಂತ ಯಾರೂ ಅಳೆಯಲ್ಲ, ಸಂಗಮ ಅಂದ್ರೆ ಸಂಗಮ. ತಿರುಮಕೂಡಲು ನರಸೀಪುರದಲ್ಲೂ ಹಾಗೇ, ಕಾವೇರಿ, ಕಪಿಲೆ, ಜೊತೆಗೆ ಕಣ್ಣಿಗೆ ಕಾಣದ ಸ್ಫಟಿಕ ಸರೋವರ. ಸಂಗಮ ಅನ್ನೋ ಪದಕ್ಕೆ ಆ ಪೂಜ್ಯಭಾವ ಅಂಟ್ಕೊಂಡಿದೆ, ಹಾಗಾಗಿ ಎರಡು ಚರಂಡಿ ಕೂಡೋ ಜಾಗಕ್ಕೆ ಸಂಗಮ ಅಂತ ಬರೆದ್ರೆ ಓದೋರು ವ್ಯಂಗ್ಯ ಅಂದ್ಕೊತಾರೆ. ನದಿ ಸಮುದ್ರ ಸೇರೋ ಬಾಯಿಗೂ ಸಂಗಮ ಬೇಡ, ಅದಕ್ಕೆ ಕರಾವಳಿಯೋರ ಹತ್ರ ಅಳಿವೆ ಅನ್ನೋ ಪದ ಇದೆ, ಮಂಗಳೂರಲ್ಲಿ ನೇತ್ರಾವತಿ, ಫಲ್ಗುಣಿ ಸಮುದ್ರಕ್ಕೆ ಬೀಳೋ ಜಾಗ ಅಳಿವೆ ಬಾಗಿಲು.

ಈ ಎರಡು ಪದಗಳ ಮನೆಮಂದಿ ಮಾತ್ರ ವಿಚಿತ್ರ. ಹಾಗಲಕಾಯಿ ನಂಗೆ ಸೇರಲ್ಲ ಅಂದ್ರೆ ಇಷ್ಟ ಇಲ್ಲ ಅಂತ. ಬರಕೂಡದು ಅಂದ್ರೆ ಬರಬಾರದು, ಕೂಡಲೇ ಅಂದ್ರೆ ಈಗಿಂದೀಗ್ಲೇ, ಧಾರವಾಡದ ಕಡೆ ಬರ್ರಿ ಕೂಡ್ರಿ ಅಂದ್ರೆ ಕೂತ್ಕೊಳ್ಳಿ. ಮಷಿನ್ ಅನುವಾದ ಇಲ್ಲೇ ಮುಗ್ಗರಿಸೋದು, ಕೂಡ ಅನ್ನೋದನ್ನ ಕಂಡ ಕಡೆಯೆಲ್ಲ ಒಂದೇ ಅರ್ಥ ತಗೊಂಡ್ರೆ ವಾಕ್ಯ ಎಕ್ಕುಟ್ಟಿ ಹೋಗತ್ತೆ.

ವಿಲೀನನಾ, ಏಕೀಕರಣನಾ, ಒಕ್ಕೂಟನಾ

ಸುದ್ದಿ ಬರೆಯೋರು ಜಾಸ್ತಿ ತಡಕಾಡೋದು ಇಲ್ಲಿ. ಹೊಳೆ ಲೆಕ್ಕ ಇಲ್ಲೂ ನಡೆಯತ್ತೆ. ವಿಲೀನ ಅಂದ್ರೆ ಒಂದರ ಹೆಸರು ಅಳಿಸಿ ಹೋಗೋದು. ಸ್ಟೇಟ್ ಬ್ಯಾಂಕ್ ಆಫ್ ಮೈಸೂರು 2017ರ ಏಪ್ರಿಲ್ 1ಕ್ಕೆ ಎಸ್‌ಬಿಐ ಒಳಗೆ ಹೋಯ್ತು, ವಿಜಯಾ ಬ್ಯಾಂಕ್ 2019ರ ಏಪ್ರಿಲ್ 1ಕ್ಕೆ ಬ್ಯಾಂಕ್ ಆಫ್ ಬರೋಡಾ ಒಳಗೆ, ಅದರ ಮುಂದಿನ ವರ್ಷ ಅದೇ ತಾರೀಕು ಸಿಂಡಿಕೇಟ್ ಬ್ಯಾಂಕ್ ಕೆನರಾದೊಳಗೆ, ಕಾರ್ಪೊರೇಷನ್ ಬ್ಯಾಂಕ್ ಯೂನಿಯನ್ ಬ್ಯಾಂಕ್ ಒಳಗೆ. ಬೋರ್ಡ್ ಬದಲಾಯ್ತು, ಐಎಫ್‌ಎಸ್‌ಸಿ ಕೋಡ್ ಬದಲಾಯ್ತು, ಚೆಕ್ ಬುಕ್ ಹೊಸದು ಬಂತು. ಕರಾವಳಿಯಲ್ಲಿ ಹುಟ್ಟಿದ ನಾಲ್ಕು ದೊಡ್ಡ ಸರ್ಕಾರಿ ಬ್ಯಾಂಕುಗಳಲ್ಲಿ ಹೆಸರು ಉಳಿಸ್ಕೊಂಡಿದ್ದು ಕೆನರಾ ಒಂದೇ. ಇದನ್ನ ಕೆಲವರು ಬ್ಯಾಂಕುಗಳ ಏಕೀಕರಣ ಅಂತ ಬರೀತಾರೆ, ನಂಗದು ಸರಿ ಕಾಣಲ್ಲ, ವಿಜಯಾ ಬ್ಯಾಂಕಲ್ಲಿ ಖಾತೆ ಇದ್ದ ಯಾವ ಹಿರಿಯರನ್ನ ಕೇಳಿದ್ರೂ ಅದು ವಿಲೀನನೇ ಅಂತಾರೆ, ದನಿಯಲ್ಲೇ ಗೊತ್ತಾಗತ್ತೆ.

ಏಕೀಕರಣ ಅಂದ್ರೆ ಚದುರಿ ಹೋಗಿದ್ದು ಮತ್ತೆ ಒಂದಾಗೋದು, ಮೊದಲೇ ಒಂದೇ ಆಗಿತ್ತು ಅನ್ನೋ ಹಕ್ಕು ಅದರೊಳಗೇ ಇದೆ. ಹಳೆ ಮೈಸೂರು, ಮುಂಬೈ ಪ್ರಾಂತ್ಯದ ಜಿಲ್ಲೆಗಳು, ಹೈದರಾಬಾದಿನ ಜಿಲ್ಲೆಗಳು, ಮದ್ರಾಸಿಗೆ ಸೇರಿದ್ದ ದಕ್ಷಿಣ ಕನ್ನಡ ಮತ್ತೆ ಕೊಳ್ಳೇಗಾಲ, ಕೊಡಗು, ಇವೆಲ್ಲ 1956ರ ನವೆಂಬರ್ 1ಕ್ಕೆ ಒಂದಾದ್ವು, ಬಳ್ಳಾರಿ 1953ರಲ್ಲೇ ಬಂದಿತ್ತು. ಆದ್ರೆ ಒಂದಾದ ರಾಜ್ಯಕ್ಕೆ ಮೈಸೂರು ಅನ್ನೋ ಹೆಸರೇ ಉಳೀತು. ಬೆಳಗಾವಿ, ಕಲಬುರಗಿ, ಉಡುಪಿ ಕಡೆಯವರಿಗೆ ಇದು ಏಕೀಕರಣ ಅಲ್ಲ, ನಮ್ಮನ್ನ ಮೈಸೂರಿಗೆ ವಿಲೀನ ಮಾಡ್ಕೊಂಡಿದ್ದು ಅಂತ ಅನ್ನಿಸಿದ್ರೆ ತಪ್ಪೇನಿಲ್ಲ. 1973ರ ನವೆಂಬರ್ 1ಕ್ಕೆ, ದೇವರಾಜ ಅರಸು ಮುಖ್ಯಮಂತ್ರಿ ಆಗಿದ್ದಾಗ, ಹೆಸರು ಕರ್ನಾಟಕ ಆಯ್ತು. ಯಾರ ಹೆಸರು ಉಳೀತು ಅನ್ನೋದು ಸಣ್ಣ ವಿಷಯ ಅಲ್ಲ ಅನ್ನೋಕೆ ಇದಕ್ಕಿಂತ ದೊಡ್ಡ ಉದಾಹರಣೆ ನಂಗೆ ಗೊತ್ತಿಲ್ಲ.

ಒಕ್ಕೂಟದಲ್ಲಿ ಎಲ್ಲರ ಹೆಸರೂ ಉಳೀತದೆ, ಮೇಲೊಂದು ಹೊಸ ಹೆಸರು ಬರತ್ತೆ. ಹಾಲಿನ ಡೇರಿ ನೋಡಿ, ಊರಲ್ಲಿರೋದು ಸಂಘ, ಜಿಲ್ಲೆ ಮಟ್ಟದ್ದು ಒಕ್ಕೂಟ, ರಾಜ್ಯಕ್ಕೆಲ್ಲ ಒಂದೇ ಕೆಎಂಎಫ್ ಇದೆಯಲ್ಲ ಅದು ಮಹಾಮಂಡಳಿ. ಮೂರು ಮೆಟ್ಟಿಲಿಗೆ ಮೂರು ಪದ, ಹಳ್ಳಿಯಲ್ಲಿ ಹಾಲು ಹಾಕೋ ಅಜ್ಜಿಗೂ ಗೊಂದಲ ಇಲ್ಲ. ಗೊಂದಲ ಇರೋದು ಸಂವಿಧಾನದಲ್ಲಿ. ಮೊದಲನೇ ವಿಧಿ ಭಾರತ ರಾಜ್ಯಗಳ ಒಕ್ಕೂಟ ಅನ್ನತ್ತೆ, ಅಲ್ಲಿ ಇಂಗ್ಲಿಷಲ್ಲಿ ಫೆಡರೇಷನ್ ಅಂತ ಹಾಕದೆ ಯೂನಿಯನ್ ಅಂತ ಬೇಕಂತಲೇ ಹಾಕಿದ್ದು, ರಾಜ್ಯಗಳು ಕರಾರು ಮಾಡ್ಕೊಂಡು ಕೂಡಿದ್ದಲ್ಲ, ಬಿಟ್ಟು ಹೋಗೋ ಹಕ್ಕೂ ಇಲ್ಲ ಅಂತ ಅಂಬೇಡ್ಕರ್ 1948ರ ನವೆಂಬರಿನಲ್ಲಿ ಸಂವಿಧಾನ ಸಭೆಗೆ ವಿವರಿಸಿದ್ರು. ಕನ್ನಡದಲ್ಲಿ ಎರಡಕ್ಕೂ ಒಕ್ಕೂಟ ಅಂತಲೇ ಬರೀತೀವಿ. ಹಾಗಾಗಿ ಈ ವಿಷಯ ಬರೆಯುವಾಗ ಒಕ್ಕೂಟ ಅಂತ ಹಾಕಿ ಸುಮ್ಮನಾಗ್ಬೇಡಿ, ಬಿಟ್ಟು ಹೋಗೋಕಾಗತ್ತಾ ಇಲ್ವಾ ಅಂತ ಅರ್ಧ ಸಾಲು ಸೇರಿಸಿ.

ಮೈತ್ರಿ ಇವೆಲ್ಲಕ್ಕಿಂತ ಸಡಿಲ. ಚುನಾವಣೆಗೆ ಮುಂಚೆ ಸೀಟು ಹಂಚ್ಕೊಂಡ್ರೆ ಮೈತ್ರಿ, ಗೆದ್ದ ಮೇಲೆ ಸೇರಿ ಸರ್ಕಾರ ಮಾಡಿದ್ರೆ ಸಮ್ಮಿಶ್ರ ಸರ್ಕಾರ ಅಂತ ಪೇಪರುಗಳಲ್ಲಿ ರೂಢಿ, ಈಗೀಗ ಅದನ್ನೂ ಮೈತ್ರಿ ಸರ್ಕಾರ ಅಂತಲೇ ಬರೀತಾರೆ, ನಡೆಯತ್ತೆ. ಆದ್ರೆ ಶಾಸಕರ ವಿಷಯಕ್ಕೆ ಬಂದಾಗ ಮಾತ್ರ ಸೇರ್ಪಡೆ ಮತ್ತೆ ವಿಲೀನ ಅದಲು ಬದಲು ಮಾಡೋಹಾಗಿಲ್ಲ, ಅದು ಕಾನೂನಿನ ಮಾತು. ಸಂವಿಧಾನದ ಹತ್ತನೇ ಅನುಸೂಚಿ ಪ್ರಕಾರ ಒಬ್ಬ ಶಾಸಕ ತನ್ನ ಪಕ್ಷ ಬಿಟ್ಟು ಇನ್ನೊಂದು ಸೇರಿದ್ರೆ ಸೀಟು ಕಳ್ಕೊತಾನೆ, ಶಾಸಕಾಂಗ ಪಕ್ಷದ ಮೂರನೇ ಎರಡು ಭಾಗ ಒಪ್ಪಿದ ವಿಲೀನ ಆದ್ರೆ ಸೀಟು ಉಳಿಯತ್ತೆ. ಹೋಗಿದ್ದು ಒಂದೇ ಜಾಗಕ್ಕೆ. ಪದ ಬೇರೆ, ಗತಿಯೂ ಬೇರೆ.

ಜಂಟಿ ಮತ್ತೆ ಅವಿಭಕ್ತ

ಮನೆ, ಜಮೀನು, ಬ್ಯಾಂಕು. ಇಲ್ಲಿ ಎರಡನೇ ಪ್ರಶ್ನೆ, ಬಿಡಿಸೋಕಾಗತ್ತಾ ಅನ್ನೋದು ಮುಖ್ಯ. ಕೂಡು ಕುಟುಂಬ ಅನ್ನೋದು ಆಡುಮಾತು, ಕಾಗದದಲ್ಲಿ ಅವಿಭಕ್ತ ಕುಟುಂಬ, ಅಂದ್ರೆ ಇನ್ನೂ ಭಾಗ ಆಗಿಲ್ಲ, ಯಾರ ಪಾಲೆಷ್ಟು ಅಂತ ಗೆರೆ ಎಳೆದಿಲ್ಲ. ಇನ್‌ಕಮ್ ಟ್ಯಾಕ್ಸ್‌ನೋರು ಹಿಂದೂ ಅವಿಭಕ್ತ ಕುಟುಂಬಕ್ಕೆ ಬೇರೆ ಪ್ಯಾನ್ ಕಾರ್ಡೇ ಕೊಡ್ತಾರೆ. ಜಂಟಿ ಅಂದ್ರೆ ಹಾಗಲ್ಲ, ಇಬ್ಬರೋ ಮೂವರೋ ಅವರವರ ಹೆಸರಲ್ಲೇ ಇದ್ದು ಒಂದು ವ್ಯವಹಾರದಲ್ಲಿ ಒಟ್ಟಿಗೆ ನಿಂತಿರ್ತಾರೆ. ಜಂಟಿ ಖಾತೆ, ಜಂಟಿ ಅಧಿವೇಶನ, ಜಂಟಿ ಸರ್ವೆ. ಪಹಣಿಯಲ್ಲಿ ಜಂಟಿ ಖಾತೆ ಅಂತ ಇದ್ರೆ ಏನ್ ಪಾಡು ಅಂತ ಜಮೀನಿರೋರಿಗೆ ಹೇಳ್ಬೇಕಾಗಿಲ್ಲ, ಅಣ್ಣ ತಮ್ಮಂದಿರು ಬದುವಿನ ಆ ಕಡೆ ಈ ಕಡೆ ಇಪ್ಪತ್ತು ವರ್ಷದಿಂದ ಬೇರೆ ಬೇರೆ ಉಳ್ತಿದ್ರೂ ಪಹಣಿಯಲ್ಲಿ ಎಲ್ಲರ ಹೆಸರೂ ಒಂದೇ ಸರ್ವೆ ನಂಬರಿನ ಕೆಳಗೆ, ಸಾಲ ಬೇಕಂದ್ರೂ ಮಾರ್ಬೇಕಂದ್ರೂ ಎಲ್ಲರೂ ಬಂದು ಸಹಿ ಹಾಕ್ಬೇಕು, ಇಲ್ಲಾಂದ್ರೆ ಪೋಡಿ ಮಾಡ್ಸಿ ನಕ್ಷೆ ಬೇರೆ ಮಾಡ್ಕೋಬೇಕು. ಜಂಟಿ ಅನ್ನೋ ಪದ ಕೇಳೋಕೆ ಚಂದ, ತಾಲ್ಲೂಕಾಫೀಸಲ್ಲಿ ಅದೇ ಗಂಟು.

ಕಮ್ಮಟ, ಮಗ್ಗ, ಅಂಗಡಿ

ಜೋಡಿಸು ಅನ್ನೋದಕ್ಕೆ ನೆನಪಿಟ್ಕೊಳ್ಬೇಕಾದ್ದು ಇಷ್ಟೇ, ಜೋಡಿಸಿದ್ದನ್ನ ಬಿಚ್ಚಬಹುದು. ನಟ್ಟು ಬೋಲ್ಟು, ರೈಲಿನ ಬೋಗಿ, ಪೆಟ್ಟಿಗೆಯಲ್ಲಿ ಬಂದ ಬೀರು. ಬೆಸೆದಿದ್ದು ಹಾಗೆ ಬಿಚ್ಚಲ್ಲ, ಕರಗಿಸ್ಬೇಕು ಇಲ್ಲಾ ಮುರೀಬೇಕು. ಕಿತ್ರೆ ಗುರುತು ಉಳಿಯೋದು ಅಂಟು.

ಬೆಸುಗೆ ವಿಷಯದಲ್ಲಿ ಕನ್ನಡಕ್ಕೆ ಒಂದು ಕೊರತೆ ಇದೆ, ಒಪ್ಕೋಬೇಕು. ಗೇಟು ಕಿಟಕಿ ಮಾಡೋ ವೆಲ್ಡಿಂಗಿಗೂ ಬೆಸುಗೆ, ರೇಡಿಯೋ ರಿಪೇರಿಯೋರು ಮಾಡೋ ಸೋಲ್ಡರಿಂಗಿಗೂ ಬೆಸುಗೆ, ಅಕ್ಕಸಾಲಿಗರು ಮಾಡೋದೂ ಬೆಸುಗೆ. ಕೆಲಸ ಮಾತ್ರ ಬೇರೆ. ವೆಲ್ಡಿಂಗಲ್ಲಿ ಸೇರ್ಬೇಕಾದ ಎರಡು ತುಂಡುಗಳ ಅಂಚೇ ಕರಗಿ ಒಂದಾಗತ್ತೆ. ಉಳಿದೆರಡರಲ್ಲಿ ತುಂಡುಗಳು ಕರಗಲ್ಲ, ಕಡಿಮೆ ಬಿಸಿಗೆ ಕರಗೋ ಮೂರನೇ ಲೋಹ ನಡುವೆ ಹರಿದು ಹಿಡ್ಕೊಳತ್ತೆ. ಕೈಪಿಡಿ ಬರೆಯೋರು ಈ ವ್ಯತ್ಯಾಸ ಬೇಕಿದ್ದಾಗ ವೆಲ್ಡಿಂಗ್, ಸೋಲ್ಡರಿಂಗ್ ಅಂತಲೇ ಬರೆದುಬಿಡಿ, ಕೆಲಸ ಮಾಡೋರು ಹೇಳೋದೂ ಹಾಗೇ.

ಚಿನ್ನದಂಗಡಿ ಬೋರ್ಡಲ್ಲಿ ಕೆಡಿಎಂ ಅಂತ ನೋಡಿರ್ತೀರ, ಬಹಳ ಜನ ಅದನ್ನ ಚಿನ್ನದ ಕ್ವಾಲಿಟಿ ಅಂದ್ಕೊಂಡಿದಾರೆ. ಅದು ಬೆಸುಗೆಯ ಹೆಸರು, ಕ್ಯಾಡ್ಮಿಯಂ ಅನ್ನೋದೇ ಬಾಯಲ್ಲಿ ಕೆಡಿಎಂ ಆಗಿರೋದು. ಹಿಂದೆ ತಾಮ್ರ ಬೆಳ್ಳಿ ಬೆರೆಸಿದ ಬೆಸುಗೆ ಹಾಕ್ತಿದ್ರು, ಕೊಂಡಿ ಬಳೆ ಎಲ್ಲಾ ಕಡೆ ಬೆಸುಗೆ ಇದ್ದ ಒಡವೆ ಕರಗಿಸಿದಾಗ ಶುದ್ಧತೆ ಕಮ್ಮಿ ಬರ್ತಿತ್ತು, ಅಂಗಡಿಯೋನು ಕಳೆದು ಲೆಕ್ಕ ಹಾಕ್ತಿದ್ದ, ಮನೆಯಲ್ಲಿ ಜಗಳ. ಚಿನ್ನಕ್ಕೆ ಕ್ಯಾಡ್ಮಿಯಂ ಸೇರಿಸಿ ಬೆಸುಗೆ ಮಾಡಿದ್ರೆ ಕ್ಯಾಡ್ಮಿಯಂ ಹಾರಿಹೋಗಿ ಚಿನ್ನ ಉಳಿಯತ್ತೆ, ಯಾಕಂದ್ರೆ ಚಿನ್ನ ಕರಗೋದು 1064 ಡಿಗ್ರಿಗೆ, ಕ್ಯಾಡ್ಮಿಯಂ 767 ಡಿಗ್ರಿಗೇ ಕುದ್ದು ಆವಿ ಆಗತ್ತೆ. ಆ ಆವಿ ಕುಡಿದಿದ್ದು ಮಾತ್ರ ಊದುಗೊಳವೆ ಹಿಡಿದು ಕೂತ ಕೆಲಸಗಾರ, ಶ್ವಾಸಕೋಶಕ್ಕೂ ಮೂತ್ರಪಿಂಡಕ್ಕೂ ಅದು ವಿಷ. ಈಗ ಸತು ಮುಂತಾದ್ದರ ಬೆಸುಗೆ ಬಂದಿದೆ. ಕೊಳ್ಳೋರು ನೋಡ್ಬೇಕಾದ್ದು ಹಾಲ್‌ಮಾರ್ಕ್, 916 ಅನ್ನೋ ಗುರುತು, ಕೆಡಿಎಂ ಅಲ್ಲ.

ಹೊಲಿಗೆ ಬಗ್ಗೆ ಹೇಳೋದೇನೂ ಇಲ್ಲ, ಎಲ್ಲರಿಗೂ ಗೊತ್ತಿರೋದೇ. ನೇಯ್ಗೆಯಲ್ಲಿ ಆಗೋ ಜೋಡಣೆ ಮಾತ್ರ ನೋಡೋಹಂಗಿರತ್ತೆ. ಇಳಕಲ್ ಸೀರೆಯಲ್ಲಿ ಒಡಲಿನ ಹಾಸು, ಅಂದ್ರೆ ಉದ್ದಕ್ಕೆ ಹೋಗೋ ಎಳೆಗಳು, ಬೇರೆ, ಸೆರಗಿನ ಹಾಸು ಬೇರೆ. ಒಡಲಿನ ನೂಲಿನ ತುದಿಗೂ ಸೆರಗಿನ ರೇಷ್ಮೆ ಎಳೆ ತುದಿಗೂ ಒಂದೊಂದೇ ಕುಣಿಕೆ ಹಾಕಿ, ಒಂದರೊಳಗೊಂದು ಸಿಕ್ಕಿಸ್ಕೊಂಡು ಹೋಗ್ತಾರೆ, ಆಮೇಲೆ ನೇಯೋದು, ತೋಪು ತೆನಿ ಸೆರಗು ಅನ್ನೋದು ಇದನ್ನೇ. ಹೀಗಾಗಿ ಬೇರೆ ಮಗ್ಗದ ಥರ ಉದ್ದಕ್ಕೆ ಹಾಸು ಹಾಕಿ ಹತ್ತಾರು ಸೀರೆ ನೇಯ್ದು ಕತ್ತರಿಸೋಕಾಗಲ್ಲ, ಸೀರೆಗೊಂದು ಹಾಸು. ಇದಕ್ಕೆ ಜೋಡಣೆ ಅನ್ನೋಣ ಅಂದ್ರೆ ಬಿಚ್ಚೋಕಾಗಲ್ಲ, ಬೆಸುಗೆ ಅನ್ನೋಣ ಅಂದ್ರೆ ಏನೂ ಕರಗಿಲ್ಲ. ನಮ್ಮ ಭಾಷೆಗೆ ಹಾಸುಹೊಕ್ಕು ಅನ್ನೋ ಮಾತು ಬಂದಿದ್ದು ಮಗ್ಗದಿಂದ, ಅದನ್ನ ಬಿಡಿಸಲಾಗದ ಹಾಗೆ ಹೆಣ್ಕೊಂಡಿದ್ದಕ್ಕೆ ಹೇಳ್ತೀವಿ, ಇಲ್ಲಿಗೆ ಅದೇ ಸರಿ.

ಅಡುಗೆಮನೆಯ ಬೆರೆಸು, ಲ್ಯಾಬಿನ ಸಂಯುಕ್ತ

ಹಾಲಿಗೆ ನೀರು ಬೆರೆಸ್ತಾರೆ, ಹಿಟ್ಟು ಕಲಸ್ತಾರೆ, ಆಮೇಲೆ ನಾದ್ತಾರೆ. ಬೆರೆಸೋದು ಸುಮ್ನೆ ಒಂದಕ್ಕೊಂದು ಹಾಕೋದು, ಕಲಸೋಕೆ ಕೈ ಬೇಕು, ಕಲಸಿದ ಮೇಲೆ ಹಿಟ್ಟು ನೀರು ಬೇರೆ ಆಗಲ್ಲ. ಬೆರಕೆ ಅನ್ನೋ ಪದ ಸೊಪ್ಪಿನ ಜೊತೆ ಬಂದ್ರೆ ಬಾಯಲ್ಲಿ ನೀರು, ಹಳೆ ಮೈಸೂರಿನ ಬೆರಕೆ ಸೊಪ್ಪಿನ ಸಾರು ಮುದ್ದೆ ಜೊತೆ ತಿಂದೋರಿಗೆ ಗೊತ್ತು, ಕಲ ಅನ್ನೋದು ಮುಂದೆ ಸೇರಿ ಕಲಬೆರಕೆ ಆದ್ರೆ ಅಪರಾಧ. ಮಿಶ್ರಣ ತಟಸ್ಥ ಪದ. ಮದ್ದಿನ ಚೀಟಿ, ಗೊಬ್ಬರದ ಚೀಲ, ಕಾಂಕ್ರೀಟು ಎಲ್ಲಾ ಕಡೆಗೂ ಆಗತ್ತೆ.

ರಸಾಯನಶಾಸ್ತ್ರದಲ್ಲಿ ಮಾತ್ರ ಮಿಶ್ರಣಕ್ಕೂ ಸಂಯುಕ್ತಕ್ಕೂ ಗೆರೆ ಖಡಕ್. ಸ್ಕೂಲಲ್ಲಿ ಮಾಡೋ ಪ್ರಯೋಗಾನೇ ಸಾಕು. ಕಬ್ಬಿಣದ ಪುಡಿ, ಗಂಧಕದ ಪುಡಿ ಬೆರೆಸಿ ಅಯಸ್ಕಾಂತ ಹಿಡಿದ್ರೆ ಕಬ್ಬಿಣ ಅಷ್ಟೂ ಮೇಲಕ್ಕೆ ಬರತ್ತೆ, ಹಳದಿ ಗಂಧಕ ಅಲ್ಲೇ ಉಳಿಯತ್ತೆ, ಇದು ಮಿಶ್ರಣ. ಅದನ್ನೇ ಪ್ರನಾಳಕ್ಕೆ ಹಾಕಿ ಕಾಯಿಸಿದ್ರೆ ಒಳಗಿಂದ ಕೆಂಪಗೆ ಕೆಂಡ ಆಗಿ ಕಪ್ಪು ಗಟ್ಟಿ ಉಳಿಯತ್ತೆ, ಅಯಸ್ಕಾಂತ ಹಿಡಿದ್ರೆ ಬರಲ್ಲ, ಅದು ಕಬ್ಬಿಣದ ಸಲ್ಫೈಡ್, ಸಂಯುಕ್ತ. ಸೇರೋ ಕ್ರಿಯೆಗೆ ಸಂಯೋಗ, ಹಿಡಿದಿಟ್ಕೊಳ್ಳೋದಕ್ಕೆ ಬಂಧ, ಸೇರಿ ಆದ ವಸ್ತುವಿಗೆ ಸಂಯುಕ್ತ, ಈ ಮೂರನ್ನ ಮಕ್ಕಳು ಕಲಸ್ಕೊಂಡು ಬಿಡ್ತಾರೆ. ಕಂಚು, ಹಿತ್ತಾಳೆ ಇವು ಮಿಶ್ರಲೋಹ, ನೋಡೋಕೆ ಒಂದೇ ಥರ ಇದ್ರೂ ಸಂಯುಕ್ತ ಅಲ್ಲ. ಇನ್ನು ಪರಮಾಣುವಿನ ಬೀಜಕೇಂದ್ರಗಳೇ ಒಂದಾದ್ರೆ ಅದಕ್ಕೆ ಸಮ್ಮಿಲನ ಅಂತ ಪಠ್ಯಪುಸ್ತಕದೋರು ಇಟ್ಟಿದ್ದಾರೆ, ಸೂರ್ಯನಲ್ಲಿ ನಡೆಯೋದು ಬೈಜಿಕ ಸಮ್ಮಿಲನ, ಕೈಗಾ ಅಣುವಿದ್ಯುತ್ ಸ್ಥಾವರದಲ್ಲಿ ನಡೆಯೋದು ಅದರ ಉಲ್ಟಾ, ವಿದಳನ. ಸಂಯೋಗ ಅನ್ನೋದನ್ನ ಇಲ್ಲಿ ತರ್ಬೇಡಿ, ಪರೀಕ್ಷೆಯಲ್ಲಿ ಮಾರ್ಕ್ಸ್ ಹೋಗತ್ತೆ.

ಕಸಿ, ತಳಿ, ಕೀಲು

ಮಾವಿನ ತೋಟದೋರ ಹತ್ರ ಕಸಿ ಅಂದ್ರೆ ಎರಡು ಗಿಡ ಒಂದಾಗಿಯೂ ಎರಡಾಗೇ ಇರೋದು. ಕೆಳಗಡೆ ನಾಟಿ ಗಿಡದ ಬೇರು, ಮೇಲೆ ಬಾದಾಮಿಯ ಕಡ್ಡಿ. ತೊಗಟೆ ಕೆಳಗಿನ ಹಸಿರು ಪದರ ಒಂದಕ್ಕೊಂದು ಕೂಡ್ಕೊಂಡ್ರೆ ನೀರು ಮೇಲಕ್ಕೆ ಹೋಗತ್ತೆ, ಆದ್ರೆ ಮೇಲಿನದು ಕೊನೆವರೆಗೂ ಬಾದಾಮಿ, ಕೆಳಗಿನದು ಕೊನೆವರೆಗೂ ನಾಟಿ. ಅದಕ್ಕೇ ಕಸಿ ಗಂಟಿನ ಕೆಳಗೆ ಚಿಗುರು ಬಂದ್ರೆ ತಕ್ಷಣ ಚಿವುಟಿ ಹಾಕಿ ಅನ್ನೋದು, ಬಿಟ್ರೆ ನಾಟಿಯೇ ಜೋರಾಗಿ ಬೆಳೆದು ಮೇಲಿನದನ್ನ ಕೂರಿಸಿಬಿಡತ್ತೆ, ನೆಡುವಾಗ ಗಂಟು ಮಣ್ಣಲ್ಲಿ ಮುಚ್ಚೋ ಹಾಗೂ ಇಲ್ಲ. ಹೊಸ ಹಣ್ಣೇ ಬೇಕು ಅಂದ್ರೆ ಕಸಿಯಿಂದ ಆಗಲ್ಲ, ತಳಿ ಸಂಕರಣ ಆಗ್ಬೇಕು. ಮಲ್ಲಿಕಾ ಮಾವು ನೀಲಂ ಮತ್ತೆ ದಶೇರಿಯ ಸಂಕರ, ಅದರಲ್ಲಿ ನೀಲಂ ಎಷ್ಟು ದಶೇರಿ ಎಷ್ಟು ಅಂತ ಚಾಕುವಿನಿಂದ ಬೇರೆ ಮಾಡೋಕಾಗಲ್ಲ. ನರ್ಸರಿಗಳಲ್ಲಿ ಕಸಿ ಗಿಡನೂ ಹೈಬ್ರಿಡ್ ಅಂತ ಮಾರ್ತಾರೆ, ಕೇಳಿ ತಗೊಳ್ಳಿ.

ಇದೇ ಕಸಿ ತೋಟದಿಂದ ಆಸ್ಪತ್ರೆಗೆ ಹೋಗಿದ್ದು ನಂಗೆ ಬಹಳ ಇಷ್ಟ. ಮೂತ್ರಪಿಂಡ ಕಸಿ, ಯಕೃತ್ತಿನ ಕಸಿ. ಅಂಗ ಜೋಡಣೆ ಅಂತ ಬರೆಯೋರೂ ಇದ್ದಾರೆ, ಆದ್ರೆ ಕಸಿ ಅಂದಾಗ ಜೀವ ಹಿಡಿಯೋದು, ಹಿಡಿಯದೇ ಇರೋದು ಎರಡೂ ಒಳಗೇ ಬರತ್ತೆ, ದೇಹ ಬೇರೆಯವರ ಅಂಗನ ಒಪ್ಪದೇ ಇರಬಹುದು ಅನ್ನೋದನ್ನ ಹಳ್ಳಿಯೋರಿಗೆ ವಿವರಿಸೋದೂ ಸುಲಭ. ಕೃತಕ ಕಾಲಿಗೆ ಮಾತ್ರ ಜೋಡಣೆ.

ಮೂಳೆ ಮೂಳೆ ಸೇರೋ ಜಾಗಕ್ಕೆ ಕೀಲು. ಸಂಧಿ ಅಂದ್ರೂ ಅದೇ, ಆದ್ರೆ ಕಾಯಿಲೆ ಹೆಸರಿಗೆ ಸಂಧಿವಾತ, ನೋವಿಗೆ ಕೀಲುನೋವು, ಡಾಕ್ಟರ್ ಬೋರ್ಡಲ್ಲಿ ಮೂಳೆ ಮತ್ತು ಕೀಲು ತಜ್ಞರು, ಹೀಗೆ ಹಂಚ್ಕೊಂಡಿವೆ. ಬೆಂಗಳೂರಿನ ಮಾರ್ಕೆಟ್ಟಲ್ಲಿ ಆ ಸಂದಿಯಲ್ಲಿ ಹೋಗಿ ಅಂದ್ರೆ ಅದು ಎರಡು ಗೋಡೆ ನಡುವಿನ ಖಾಲಿ ಜಾಗ. ಕೂಡೋದಕ್ಕೂ ಅದೇ ಪದ, ಬಿರುಕಿಗೂ ಅದೇ.

ವ್ಯಾಕರಣದ ಸಂಧಿ, ಸಮಾಸ

ಎಸ್‌ಎಸ್‌ಎಲ್‌ಸಿ ಮಕ್ಕಳು ಕೇಳೋ ಪ್ರಶ್ನೆ ಯಾವಾಗ್ಲೂ ಇದೇ, ಮಳೆಗಾಲ ಸಂಧಿನಾ ಸಮಾಸನಾ? ಎರಡೂ ಹೌದು. ಸಂಧಿ ನೋಡೋದು ಸದ್ದನ್ನ: ಮಳೆ, ಕಾಲ ಹತ್ರ ಬಂದಾಗ ಕ ಹೋಗಿ ಗ ಬಂತು, ಆದೇಶ ಸಂಧಿ. ಸಮಾಸ ನೋಡೋದು ಅರ್ಥವನ್ನ: ಮಳೆಯ ಕಾಲ, ನಡುವಿನ ವಿಭಕ್ತಿ ಬಿದ್ದುಹೋಯ್ತು, ತತ್ಪುರುಷ. ಮನೆಯಲ್ಲಿ ಅನ್ನೋದ್ರಲ್ಲಿ ಯಕಾರ ಬಂದು ಕೂತಿದೆ, ಆಗಮ ಸಂಧಿ ಇದೆ, ಆದ್ರೆ ಎರಡು ಪದಗಳೇ ಇಲ್ಲ, ಹಾಗಾಗಿ ಸಮಾಸ ಇಲ್ಲ. ರಾಮಲಕ್ಷ್ಮಣರು ದ್ವಂದ್ವ ಸಮಾಸ, ಸಂಧಿ ಇಲ್ಲ. ಮುಕ್ಕಣ್ಣದಲ್ಲಿ ಮೂರೂ ಅಲ್ಲ ಕಣ್ಣೂ ಅಲ್ಲ, ಶಿವ, ಎರಡು ಸೇರಿ ಮೂರನೆಯವನು ಎದ್ದು ಬಂದ, ಬಹುವ್ರೀಹಿ. ಈ ಒಂದು ಸಮಾಸದ ಮುಂದೆ ಮಿಕ್ಕವೆಲ್ಲ ಸಪ್ಪೆ ಅಂತ ನನ್ನ ಅಭಿಪ್ರಾಯ.

ಸೇರಬಾರದ ಕಡೆಗೂ ನಮ್ಮ ವ್ಯಾಕರಣದಲ್ಲಿ ಹೆಸರಿದೆ. ಅಣ್ಣಾ, ಇಲ್ಲಿ ಬಾ ಅನ್ನುವಾಗ ಆ ಮತ್ತೆ ಇ ಪಕ್ಕಪಕ್ಕ ಇದ್ರೂ ಕೂಡಲ್ಲ, ಅದು ಪ್ರಕೃತಿಭಾವ. ಕನ್ನಡ ಪದಕ್ಕೆ ಸಂಸ್ಕೃತ ಪದ ಅಂಟಿಸಿ ಸಮಾಸ ಮಾಡಿದ್ರೆ ಅರಿಸಮಾಸ, ಅರಿ ಅಂದ್ರೆ ಶತ್ರು, ಕನ್ನಡ ವ್ಯಾಕರಣ ಬರೆದ ಕೇಶಿರಾಜ 13ನೇ ಶತಮಾನದಲ್ಲೇ ಇದರ ಬಗ್ಗೆ ಸೂತ್ರ ಮಾಡಿದ. ಗಮಕ, ಕ್ರಿಯಾ ಸಮಾಸಗಳಿಗೆ ವಿನಾಯಿತಿ ಇದೆ. ಇವತ್ತು ಕನ್ನಡ, ಸಂಸ್ಕೃತ, ಇಂಗ್ಲಿಷ್, ಉರ್ದು ನಾಲ್ಕೂ ಸೇರಿಸಿ ಹೆಡ್‌ಲೈನ್ ಬರೆಯೋದನ್ನ ಅವನು ನೋಡ್ಬೇಕಿತ್ತು.

ಲೆಕ್ಕ ಮತ್ತೆ ಕಂಪ್ಯೂಟರ್

ಲೆಕ್ಕದಲ್ಲಿ ಚಿಕ್ಕ ಮಕ್ಕಳಿಗೆ ಕೂಡು, ಕಳೆ ಅಂತಲೇ ಹೇಳ್ಕೊಡಿ, ಸಂಕಲನ ವ್ಯವಕಲನ ಆಮೇಲೆ ಬರ್ಲಿ. ಸಂಕಲನ ಪದ ಈಗಾಗ್ಲೇ ನಾಲ್ಕು ಮನೆ ತಿರುಗಿದೆ. ಗಣಿತದಲ್ಲಿ ಕೂಡೋದು, ಸಾಹಿತ್ಯದಲ್ಲಿ ಕವನ ಸಂಕಲನ, ಶಾಲೆ ಪರೀಕ್ಷೆಯಲ್ಲಿ ಸಂಕಲನಾತ್ಮಕ ಮೌಲ್ಯಮಾಪನ, ಸಿನಿಮಾದಲ್ಲಿ ಎಡಿಟಿಂಗಿಗೂ ಸಂಕಲನ, ಅಲ್ಲಿ ಕತ್ತರಿಸಿ ಬಿಸಾಡೋದೇ ಜಾಸ್ತಿ ಅನ್ನೋದು ಬೇರೆ ಮಾತು. ಗಣಗಳ ಪಾಠದಲ್ಲಿ ಎರಡರದ್ದೂ ಎಲ್ಲಾ ತಗೊಂಡ್ರೆ ಸಂಯೋಗ, ಇಬ್ಬರಲ್ಲೂ ಇರೋದು ಮಾತ್ರ ತಗೊಂಡ್ರೆ ಛೇದನ.

ಡೇಟಾಬೇಸ್ ಕೆಲಸ ಮಾಡೋರಿಗೆ ಇದು ಗೊತ್ತಿದ್ರೆ ಪಟ್ಟಿಗಳಿಂದ ಮಾಹಿತಿ ತೆಗೆಯೋ ಭಾಷೆ ಎಸ್‌ಕ್ಯುಎಲ್ ಹೇಳ್ಕೊಡೋದು ಸಲೀಸು. ಯೂನಿಯನ್ ಅಂದ್ರೆ ಒಂದು ಪಟ್ಟಿಯ ಕೆಳಗೆ ಇನ್ನೊಂದು ಪಟ್ಟಿ ಇಡೋದು, ಸಾಲು ಜಾಸ್ತಿ ಆಗತ್ತೆ, ಎರಡೂ ಕಡೆ ಇರೋ ಒಂದೇ ಸಾಲು ಒಂದೇ ಸಲ ಬರತ್ತೆ. ಜಾಯಿನ್ ಅಂದ್ರೆ ಪಕ್ಕದಲ್ಲಿ ಇಡೋದು, ಇಬ್ಬರಲ್ಲೂ ಇರೋ ನಂಬರ್ ಹಿಡ್ಕೊಂಡು ಒಬ್ಬ ವಿದ್ಯಾರ್ಥಿಯ ಹೆಸರಿನ ಮುಂದೆ ಅವನ ಅಂಕ ತಂದು ಕೂರಿಸೋದು. ಯೂನಿಯನ್‌ಗೆ ಸೇರಿಸು, ಜಾಯಿನ್‌ಗೆ ಜೋಡಿಸು, ನಾನಂತೂ ಹಾಗೇ ಹೇಳೋದು.

ಆ್ಯಪ್‌ಗಳ ಬಟನ್‌ಗೆ ಬಂದ್ರೆ, ಗುಂಪಿಗೆ ಸೇರಿ, ಫೈಲ್ ಲಗತ್ತಿಸಿ, ಲಿಂಕಿಗೆ ಕೊಂಡಿ, ಇವು ನಿಂತಿವೆ. ತೊಂದರೆ ಕೊಡೋದು ಸಂಪರ್ಕಿಸಿ. ವೈಫೈಗೂ ಅದೇ, ಕಸ್ಟಮರ್ ಕೇರಿಗೂ ಅದೇ. ವೈಫೈಗೆ ಕನೆಕ್ಟ್ ಮಾಡಿ ಅಂತ ಬರೆದ್ರೆ ಭಾಷೆ ಕೆಟ್ಟುಹೋಗಲ್ಲ. ಸರ್ಕಾರಿ ಪತ್ರದಲ್ಲಿ ಕೊನೆಗೆ ಬರೋ ಅಡಕ ಬೇರೆ, ಅನುಬಂಧ ಬೇರೆ, ಪತ್ರದ ಜೊತೆ ಇಟ್ಟಿದ್ದು ಅಡಕ, ವರದಿಯ ಹಿಂದೆ ಅದರದ್ದೇ ಭಾಗವಾಗಿ ಬಂದಿದ್ದು ಅನುಬಂಧ.

ಕೊನೆಗೆ ಟೈಪಿಂಗ್. ಕನ್ನಡದಲ್ಲಿ ಕ ಆದ್ಮೇಲೆ ್ ಒತ್ತಿ ಷ ಒತ್ತಿದ್ರೆ ಕ್ಷ ಆಗತ್ತೆ, ಯುನಿಕೋಡ್ ತಾನೇ ಒತ್ತಕ್ಷರ ಮಾಡ್ಕೊಳತ್ತೆ, ನಮ್ಮ ಪದಗಳಿಗೆ ಇದು ಸರಿ. ಇಂಗ್ಲಿಷ್ ಪದ ಬಂದಾಗ ಫೇಸ್ಬುಕ್ ಅಂತ ಸ ಕೆಳಗೆ ಬ ಹೋಗಿ ಕೂತ್ಕೊಳತ್ತೆ, ಓದೋಕೆ ಕಷ್ಟ. ಕೂಡಬೇಡಿ ಅಂತ ಹೇಳೋಕೆ ಜೀರೋ ವಿಡ್ತ್ ನಾನ್ ಜಾಯಿನರ್ ಅನ್ನೋ ಕಣ್ಣಿಗೆ ಕಾಣದ ಅಕ್ಷರ ಇದೆ, ಅದನ್ನ ನಡುವೆ ಹಾಕಿದ್ರೆ ಫೇಸ್‌ಬುಕ್. ಇದರ ಅಣ್ಣ ಜೀರೋ ವಿಡ್ತ್ ಜಾಯಿನರ್, ರ್ಯಾಂಕ್ ಅಂತ ಅರ್ಕಾವೊತ್ತು ಬರೋ ಕಡೆ ರ‍್ಯಾಂಕ್ ಅಂತ ತರೋಕೆ ಅದು ಬೇಕು. ಹೊರಗಿನ ಪದಗಳಿಗೆ ನಾನ್ ಜಾಯಿನರ್ ಹಾಕಿ, ಕನ್ನಡ ಸಂಸ್ಕೃತ ಪದಗಳಿಗೆ ಹಾಕ್ಬೇಡಿ, ಹಾಕಿದ್ರೆ ವಿಜ್‌ಞಾನ ಅಂತ ಮುರಿದು ಬರತ್ತೆ. ಹಾಕಿದ್ದು ಹಾಕದ್ದು ಕಂಪ್ಯೂಟರಿಗೆ ಎರಡು ಬೇರೆ ಪದ, ಕೆಲವು ಕಡೆ ಸಾಫ್ಟ್ವೇರ್ ಅಂತ ಹುಡುಕಿದ್ರೆ ಸಾಫ್ಟ್‌ವೇರ್ ಸಿಗಲ್ಲ, ಹಾಗಾಗಿ ಒಂದು ಬರಹದಲ್ಲಿ ಒಂದೇ ರೀತಿ ಇಟ್ಕೊಳ್ಳಿ. ತಿದ್ದುವಾಗ ಬಾಣದ ಕೀ ಒಂದ್ ಸಲ ಒತ್ತಿದ್ರೆ ಕರ್ಸರ್ ಜರುಗದೇ ಇದ್ರೆ ಕೀಬೋರ್ಡ್ ಕೆಟ್ಟಿದೆ ಅಂದ್ಕೋಬೇಡಿ, ಅದು ಅಲ್ಲಿ ಕೂತಿರತ್ತೆ, ಇನ್ನೊಂದ್ ಸಲ ಒತ್ತಿ.